ಒಂದು ಚೆಂಡು ಹಿಂದುಳಿದವರು

ಕಳೆದ ತಿಂಗಳು ಒಂದು ಸಂಜೆ ನನ್ನ ಹಳೆಯ ವಿದ್ಯಾರ್ಥಿಯೊಬ್ಬ ದೂರವಾಣಿ ಮಾಡಿದ್ದ. ರೋಣದಲ್ಲಿ ನನ್ನ ಕೈಯಲ್ಲಿ ಕಲಿತವನು. ಈಗ ಹುಬ್ಬಳ್ಳಿಯಲ್ಲಿ ನೌಕರಿಯಲ್ಲಿದ್ದು ನಿವೃತ್ತಿಯ ಅಂಚಿಗೆ ಬಂದಿದ್ದಾನೆ. ಅವನಿಗೆ ಹುಟ್ಟಿನಿಂದಲೇ ಕಣ್ಣು ಕಾಣುವುದಿಲ್ಲ. ಕುಶಲ ಪ್ರಶ್ನೆಗಳೆಲ್ಲ ಮುಗಿದ ಮೇಲೆ ಒಂದು ಪ್ರಶ್ನೆ ಕೇಳಿದ: "ಸರ, ನಮ್ಮ ಕರ್ನಾಟಕದ ರಣಜಿ ಮ್ಯಾಚ್ ರೇಡಿಯೊದಾಗ ಎಲ್ಲಿ ಕೇಳಬೇಕ್ರಿ?" ನಾನು ಥಟ್ಟನೆ, ನಿನ್ನ ಮೊಬೈಲಿನಲ್ಲಿ ಎಲ್ಲ ಓದಿ ಹೇಳುವ ವ್ಯವಸ್ಥೆ ಇದೆಯಲ್ಲ ಎಂದೆ. ಅವನು ನಕ್ಕು ಹೇಳಿದ ಮಾತು ಇಂದಿಗೂ ಕಿವಿಯಲ್ಲಿದೆ: "ಅದರಾಗ ಅಂಕಿ ಕೇಳತಾವ್ರಿ ಸರ, ಆಟ ಕೇಳಂಗಿಲ್ಲ."

ಈ ಸಂಗತಿಯನ್ನು ಊಟದ ಹೊತ್ತಿನಲ್ಲಿ ಹೇಳಿದಾಗ ನನ್ನ ತಮ್ಮನ ಮಗ, "ಕಾಕಾ, ಈಗಿನ ಕಾಲದಾಗ ರೇಡಿಯೊದಾಗ ಆಟ ಯಾರು ಕೇಳ್ತಾರ?" ಎಂದು ನಕ್ಕುಬಿಟ್ಟ. ಅವನ ಮೇಲೆ ನನಗೆ ಸಿಟ್ಟಿಲ್ಲ. ಆದರೆ ಆ ಪ್ರಶ್ನೆಗೆ ಅಂದು ಉತ್ತರಿಸದೆ ಉಂಡೆದ್ದುದು ತಪ್ಪಾಯಿತು. ಆ ಉತ್ತರವನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಕೇಳುವುದು ಹೇಗೆಂಬುದನ್ನು ಹೇಳಬೇಕು. ಅದೊಂದು ವಿದ್ಯೆಯೆಂಬುದೇ ಇಂದಿನವರಿಗೆ ಮರೆತಿದೆ. ಮಧ್ಯಮ ತರಂಗದ ರೇಡಿಯೊದೊಳಗೆ ಅದರ ಉದ್ದಕ್ಕೂ ಮಲಗಿಸಿದ ಒಂದು ಕಪ್ಪು ಫೆರೈಟ್ ಕಡ್ಡಿ ಇರುತ್ತದೆ. ಅದೇ ಅದರ ಏರಿಯಲ್. ಆ ಕಡ್ಡಿ ನಿಲಯದ ದಿಕ್ಕಿಗೆ ಅಡ್ಡವಾಗಿದ್ದರೆ ಧ್ವನಿ ತುಂಬಿ ಬರುತ್ತದೆ, ನೇರವಾಗಿ ನಿಲಯದತ್ತ ಚಾಚಿದ್ದರೆ ಕ್ಷೀಣಿಸುತ್ತದೆ. ನಮ್ಮ ರೋಣಕ್ಕೆ ಧಾರವಾಡವು ಪಶ್ಚಿಮ ದಿಕ್ಕಿಗೆ ಇದೆ. ಆದ್ದರಿಂದ ರೇಡಿಯೊದ ಮುಖವನ್ನಾಗಲಿ ಬೆನ್ನನ್ನಾಗಲಿ ಪಶ್ಚಿಮಕ್ಕೆ ಮಾಡಿ, ಅದರ ಉದ್ದ ಉತ್ತರ–ದಕ್ಷಿಣವಾಗುವಂತೆ ಇಡಬೇಕು. 1950ರ ಜನವರಿ 8ರಂದು ಆರಂಭವಾದ ಧಾರವಾಡ ಆಕಾಶವಾಣಿಯನ್ನು 765 ಕಿಲೋಹರ್ಟ್ಸ್‌ನಲ್ಲಿ, ಅಂದರೆ ಸುಮಾರು 392 ಮೀಟರುಗಳಲ್ಲಿ, ನಾವು ಹೀಗೆಯೇ ಹಿಡಿಯುತ್ತಿದ್ದೆವು. ಟ್ಯೂಬ್‌ಲೈಟಿನಿಂದ ದೂರವಿಡುವುದು ಅಂದಿನ ನಿಯಮ. ಇಂದಾದರೆ ಮೊಬೈಲ್ ಚಾರ್ಜರ್ ಮತ್ತು ಎಲ್‌ಇಡಿ ದೀಪಗಳಿಂದಲೂ ದೂರವಿಡಬೇಕು, ಗರಗರ ಸದ್ದಿಗೆ ಅರ್ಧ ಕಾರಣ ಅವೇ.

ಎರಡನೆಯದು, ಮೈದಾನವನ್ನು ಮನಸ್ಸಿನಲ್ಲಿ ಕಟ್ಟಿಕೊಳ್ಳುವುದು. ನನ್ನ ಆ ವಿದ್ಯಾರ್ಥಿಗೆ ಇದನ್ನು ಕಲಿಸುವ ಪ್ರಸಂಗ ಬಂದಾಗ ಒಂದು ಹಳೆಯ ಪರಾತದಲ್ಲಿ ನಮ್ಮ ಎರೆಮಣ್ಣನ್ನು ಕಲಸಿ ಹರಡಿ, ನಡುವೆ ಜೋಳದ ದಂಟಿನ ಸೀಳುಗಳಿಂದ ಎರಡು ಕಡೆ ಗೂಟ ನೆಟ್ಟು, ಸುತ್ತಲೂ ಹುಣಸೆ ಬೀಜಗಳನ್ನು ಒತ್ತಿದ್ದೆ. ಇದು ಸ್ಲಿಪ್, ಇದು ಗಲ್ಲಿ, ಇದು ಕವರ್, ಇದು ಫೈನ್ ಲೆಗ್ ಎಂದು ಅವನ ಬೆರಳು ಹಿಡಿದು ತೋರಿಸಿದೆ. ಒಂದು ವಾರದಲ್ಲಿ ಅವನು ಕಣ್ಣಿದ್ದ ಹುಡುಗರಿಗೇ ಪಾಠ ಹೇಳತೊಡಗಿದ. ಚೆಂಡು ಎಲ್ಲಿ ಹೋಯಿತು, ಅಲ್ಲಿ ಯಾರೂ ಇರಲಿಲ್ಲವೇಕೆ, ನಾಯಕನು ಅವನನ್ನು ಅಲ್ಲಿಂದ ತೆಗೆದು ತಪ್ಪು ಮಾಡಿದನೇ ಎಂದು ವಾದಿಸುತ್ತಿದ್ದ. ನೋಡುವವನು ಚೆಂಡನ್ನಷ್ಟೇ ನೋಡುತ್ತಾನೆ, ಕೇಳುವವನು ಇಡೀ ಮೈದಾನವನ್ನು ತಲೆಯಲ್ಲಿ ಹೊತ್ತಿರುತ್ತಾನೆ.

ಮೂರನೆಯದು, ಕೈಯಲ್ಲೊಂದು ನೋಟುಬುಕ್ಕು. ಓವರಿನ ಆರು ಚೆಂಡುಗಳನ್ನು ಬರೆದುಕೊಂಡರೆ ಸರಾಸರಿ, ಗತಿ, ಉಳಿದ ಓಟ ಎಲ್ಲ ತಾನಾಗಿ ಬರುತ್ತವೆ. ನನ್ನ ವಿದ್ಯಾರ್ಥಿಗಳು ದಶಮಾಂಶವನ್ನು ಕಲಿತದ್ದು ನನ್ನ ಪಾಠದಿಂದ ಎಷ್ಟೋ, ಆ ನೋಟುಬುಕ್ಕಿನಿಂದ ಅದಕ್ಕಿಂತ ಹೆಚ್ಚು. ಓದುತ್ತಿರುವವರಲ್ಲಿ ಕೆಲವರಾದರೂ ಇದನ್ನು ಒಪ್ಪುವಿರಿ.

ಹೀಗೆ ಕೇಳಿದವರಿಗೆ ಏನು ದೊರೆಯಿತು? 1971ರ ಆಗಸ್ಟ್ 24, ಗಣೇಶ ಚತುರ್ಥಿ. ನರಗುಂದದಲ್ಲಿ ಹೊಸದಾಗಿ ನೌಕರಿಗೆ ಸೇರಿದ್ದ ನಾನು ಮನೆಯೊಡೆಯರ ಪಡಸಾಲೆಯಲ್ಲಿ ಶಾರ್ಟ್‌ವೇವ್ ತಿರುವುತ್ತ ಕುಳಿತಿದ್ದೆ. ಹಿಂದಿನ ದಿನವಷ್ಟೇ ಓವಲ್ ಮೈದಾನದಲ್ಲಿ ನಮ್ಮ ಮೈಸೂರು ತಂಡದ ಬಿ. ಎಸ್. ಚಂದ್ರಶೇಖರ್ 38 ಓಟಗಳಿಗೆ 6 ವಿಕೆಟ್ ಕಿತ್ತು ಇಂಗ್ಲೆಂಡನ್ನು 101ಕ್ಕೆ ಉರುಳಿಸಿದ್ದರು. ಬಾಲ್ಯದ ಪೋಲಿಯೊದಿಂದ ಸೊರಗಿದ ಬಲಗೈ ಅದು. ಧ್ವನಿ ಸಮುದ್ರದ ಅಲೆಯಂತೆ ಏರಿ ಇಳಿಯುತ್ತಿತ್ತು. ಅಬಿದ್ ಅಲಿ ಗೆಲುವಿನ ಹೊಡೆತ ಹೊಡೆದಾಗ ಅದು ಇಳಿದ ಗಳಿಗೆ, ಜನರ ಕೂಗು ಮಾತ್ರ ಕೇಳಿತು. ಇಂಗ್ಲೆಂಡಿನ ನೆಲದಲ್ಲಿ ಭಾರತದ ಮೊದಲ ಸರಣಿ ಗೆಲುವು ನನಗೆ ತಿಳಿದದ್ದು ಆ ಕೂಗಿನಿಂದ.

1973ರ ನವೆಂಬರ್ 1ರಂದು ನಮ್ಮ ರಾಜ್ಯಕ್ಕೆ ಕರ್ನಾಟಕವೆಂಬ ಹೆಸರು ಬಂದಿತು. ಅದೇ ಋತುವಿನಲ್ಲಿ, 1974ರಲ್ಲಿ, ಪ್ರಸನ್ನ ಅವರ ನಾಯಕತ್ವದ ತಂಡ ಸತತ 15 ವರ್ಷ ರಣಜಿ ಟ್ರೋಫಿಯನ್ನು ಕೈಬಿಡದಿದ್ದ ಮುಂಬಯಿಯನ್ನು ಬೆಂಗಳೂರಿನ ಸೆಮಿಫೈನಲ್‌ನಲ್ಲಿ ಮೊದಲ ಇನಿಂಗ್ಸ್ ಮುನ್ನಡೆಯ ಮೇಲೆ ಹಿಂದಿಕ್ಕಿತು. ವಿಶ್ವನಾಥ್ 162 ಓಟ ಗಳಿಸಿದರು, ಪ್ರಸನ್ನ ಅವರ ಚೆಂಡು ಗಾವಸ್ಕರ್ ಅವರ ಗೂಟಕ್ಕೆ ಬಡಿಯಿತು. ಮುಂದೆ ಜೈಪುರದಲ್ಲಿ ರಾಜಸ್ಥಾನವನ್ನು ಸೋಲಿಸಿ ಮೊದಲ ಬಾರಿಗೆ ಟ್ರೋಫಿಯನ್ನು ತಂದರು. ಹೊಸ ಹೆಸರಿನ ಮೊದಲ ವರ್ಷದಲ್ಲೇ ಬಂದ ಗೆಲುವು! ಆಗ ರೋಣಕ್ಕೆ ಬಂದಿದ್ದ ನಾನು ಆ ಹೆಸರಿನ ಮಹತ್ವವನ್ನು ಮಕ್ಕಳಿಗೆ ವಿವರಿಸಲು ಇತಿಹಾಸದ ಪುಸ್ತಕ ತೆರೆಯಬೇಕಾಗಲಿಲ್ಲ.

ಇಷ್ಟು ಹೊಗಳಿದ ಮೇಲೆ, ಒಂದು ನೋವನ್ನೂ ಹೇಳಬೇಕು. ನಾನು ಇಲ್ಲಿ ಬರೆಯುತ್ತಿರುವುದು ಹಳೆಯ ಕಾಲದ ಸ್ತುತಿಯಲ್ಲ. ನಾವು ಕೇಳಿದ್ದೆಲ್ಲ ಇಂಗ್ಲಿಷಿನಲ್ಲಿ, ಇಲ್ಲವೇ ಹಿಂದಿಯಲ್ಲಿ.

1987ರ ಮಾರ್ಚ್ 17. ಗಜೇಂದ್ರಗಡ. ಬೆಂಗಳೂರಿನಲ್ಲಿ ಪಾಕಿಸ್ತಾನದೊಡನೆ ಟೆಸ್ಟ್ ಪಂದ್ಯ ನಡೆದಿತ್ತು, ಭಾರತಕ್ಕೆ 221 ಓಟ ಬೇಕಿದ್ದವು. ಒಂದು ಚಹಾದಂಗಡಿಯ ಮುಂದೆ ರೇಡಿಯೊ ಸುತ್ತ ಇಪ್ಪತ್ತು ಮೂವತ್ತು ಜನ. ಅವರಲ್ಲಿ ಹೆಚ್ಚಿನವರು ಸೀರೆ ನೇಯುವವರು, ಮಗ್ಗ ನಿಲ್ಲಿಸಿ ಬಂದವರು. ವಿವರಣೆ ಇಂಗ್ಲಿಷಿಗೆ ತಿರುಗಿದಾಗಲೆಲ್ಲ ಎಲ್ಲರ ಮುಖ ನನ್ನತ್ತ ತಿರುಗುತ್ತಿತ್ತು. "ಏನಂದಾರ್ರೀ ಮಾಸ್ತರ?" ನಾನು ಕೇಳಿ, ಅರ್ಥೈಸಿ, ಕನ್ನಡದಲ್ಲಿ ಹೇಳುವಷ್ಟರಲ್ಲಿ ಅಲ್ಲಿ ಮುಂದಿನ ಚೆಂಡು ಬಿದ್ದಿರುತ್ತಿತ್ತು. ಗಾವಸ್ಕರ್ 96ಕ್ಕೆ ಔಟಾದರು. ನಾನು ಅದರ ಹಿಂದಿನ ಚೆಂಡನ್ನು ವರ್ಣಿಸುತ್ತಿದ್ದೆ. ಕೂಗು ಕೇಳಿ ಜನ ಗೆದ್ದೆವೆಂದು ಚಪ್ಪಾಳೆ ತಟ್ಟಿದರು. ನಾನು ಕೈಯೆತ್ತಿ ತಡೆಯಬೇಕಾಯಿತು. ಕೊನೆಗೆ ನಮ್ಮವರೇ ಆದ ರೋಜರ್ ಬಿನ್ನಿ ಕಡೆಯ ವಿಕೆಟ್ಟಾಗಿ ಹೋದರು. 16 ಓಟಗಳ ಸೋಲು. ಅದು ಗಾವಸ್ಕರ್ ಅವರ ಕಡೆಯ ಟೆಸ್ಟ್ ಇನಿಂಗ್ಸ್ ಕೂಡ ಆಯಿತು. ಎದ್ದು ಹೋಗುವಾಗ ಹಿರಿಯ ನೇಕಾರರೊಬ್ಬರು, ಸೋಲಿಗಲ್ಲ, ಬೇರೊಂದಕ್ಕೆ ಮರುಗಿದರು: "ನೀವು ಅರ್ಥ ಮಾಡಿ ಹೇಳೂದ್ರಾಗ ಒಂದು ಬಾಲ್ ಹೋಗಿಬಿಡತೈತ್ರಿ ಮಾಸ್ತರ. ನಾವು ಯಾವಾಗಲೂ ಒಂದು ಬಾಲ್ ಹಿಂದ."

ಸುಮಾರು ನಲವತ್ತು ವರ್ಷಗಳಾದರೂ ಆ ಮಾತಿನಿಂದ ನನಗೆ ಬಿಡುಗಡೆಯಿಲ್ಲ. ತಮ್ಮ ರಾಜ್ಯದ ರಾಜಧಾನಿಯಲ್ಲಿ ನಡೆದ ಆಟವನ್ನು ತಮ್ಮ ಭಾಷೆಯಲ್ಲಿ, ನಡೆದ ಗಳಿಗೆಯಲ್ಲೇ ಕೇಳುವ ಹಕ್ಕು ಅವರಿಗಿರಲಿಲ್ಲವೇ?

ಇನ್ನು ಆಕ್ಷೇಪಗಳಿಗೆ ಬರೋಣ. ಕನ್ನಡದಲ್ಲಿ ಕ್ರಿಕೆಟ್ ಹೇಳಲು ಬಾರದು, ಪದಗಳಿಲ್ಲ ಎನ್ನುವ ಪಂಡಿತರಿದ್ದಾರೆ. ಅವರು ನಮ್ಮ ಜಾತ್ರೆಗಳಿಗೆ ಬಂದವರಲ್ಲ. ಕುಸ್ತಿಯ ಕಣದಲ್ಲಿ, ತೆರಬಂಡಿ ಸ್ಪರ್ಧೆಯಲ್ಲಿ ಮೈಕು ಹಿಡಿದವನು ಗಂಟೆಗಟ್ಟಲೆ ಉಸಿರು ಬಿಡದೆ ವರ್ಣಿಸುತ್ತಾನೆ. ಯಾವ ಪಟ್ಟು, ಯಾವ ಎತ್ತು, ಯಾವ ಊರು, ಯಾರ ಮಗ, ಎಲ್ಲವೂ ಅವನ ನಾಲಿಗೆಯ ತುದಿಯಲ್ಲಿ. ಮೈಸೂರು ದಸರಾ ಮೆರವಣಿಗೆಯ ವೀಕ್ಷಕ ವಿವರಣೆಯನ್ನು ಕನ್ನಡದಲ್ಲೇ ಕೇಳಿ ಆನೆಯ ಹೆಜ್ಜೆಯನ್ನು ಕಂಡವರು ನಾವು. ಔಟ್, ಸ್ಲಿಪ್, ಓವರ್ ಎಂಬ ಪದಗಳು ಎಂದೋ ಕನ್ನಡವಾಗಿವೆ. ಕೊರತೆ ಪದಗಳದ್ದಲ್ಲ, ಸಂಕಲ್ಪದ್ದು. ಕೋಲ್ಕತ್ತದ ಆಕಾಶವಾಣಿಯಲ್ಲಿ ಅಜಯ್ ಬಸು ಅವರಂಥವರು ಬಂಗಾಳಿಯಲ್ಲಿ ಆಟ ವಿವರಿಸಿ ಮನೆಮಾತಾದರು. ತಮಿಳಿನಲ್ಲಿ ಅಬ್ದುಲ್ ಜಬ್ಬಾರ್ ಅವರ ಧ್ವನಿಗೆ ಕಾದು ಕುಳಿತ ಊರುಗಳಿದ್ದವು. ಅವರ ಭಾಷೆಗಳಿಗೆ ಒಲಿದದ್ದು ನಮ್ಮದಕ್ಕೆ ಒಲಿಯದೇ?

ಎರಡನೆಯ ಆಕ್ಷೇಪ: ಈಗ ಟಿವಿಯಲ್ಲೇ ಕನ್ನಡವಿದೆಯಲ್ಲ? ನಿಜ, 2018ರ ಐಪಿಎಲ್ ಹೊತ್ತಿಗೆ ಟಿವಿಯಲ್ಲಿ ಕನ್ನಡ ವಿವರಣೆ ಬಂದಿತು. ನನಗೂ ಸಂತೋಷವಾಯಿತು. ಆದರೆ ಟಿವಿಯವರು ನೋಡುವವರಿಗಾಗಿ ಮಾತನಾಡುತ್ತಾರೆ. "ಎಂಥಾ ಹೊಡೆತ!" ಎಂದು ಸುಮ್ಮನಾಗುತ್ತಾರೆ. ಯಾವ ಕಡೆಗೆ, ನೆಲದ ಮೇಲೋ ಗಾಳಿಯಲ್ಲೋ, ಯಾರು ಬೆನ್ನಟ್ಟಿದರು ಎಂಬುದನ್ನು ಚಿತ್ರವೇ ಹೇಳುವುದರಿಂದ ಅವರು ಹೇಳಬೇಕಿಲ್ಲ. ಹೇಳಬೇಕಾದವನು ರೇಡಿಯೊದವನು ಮಾತ್ರ. ಕಣ್ಣಿಲ್ಲದವರ ಮಾತು ಒತ್ತಟ್ಟಿಗಿರಲಿ. ಮಗ್ಗದ ಮುಂದೆ ಕುಳಿತವರ ಕಣ್ಣು ಎಳೆಯ ಮೇಲಿರಬೇಕು, ಕೈ ಲಾಳಿಯ ಮೇಲಿರಬೇಕು. ಶೇಂಗಾ ಬಿಡಿಸುವವರು, ಬಸ್ಸು ಓಡಿಸುವವರು, ಮೆಣಸಿನಕಾಯಿ ಕಣ ಕಾಯುವವರು, ಇವರೆಲ್ಲರ ಬಳಿ ಬಿಡುವಾಗಿರುವುದು ಕಿವಿಯೊಂದೇ. ದುಡಿಯುವವರಿಗೆ ದುಡಿಮೆ ಬಿಡಿಸದ ಮಾಧ್ಯಮ ರೇಡಿಯೊ.

ಮೊಬೈಲಿದೆಯಲ್ಲ ಎನ್ನುವವರಿಗೂ ಒಂದು ಮಾತು. ದೂರದ ಅಮೆರಿಕದಲ್ಲಿರುವ ನನ್ನ ಬಂಧುಗಳಿಗೆ 'ನ್ಯೂಸ್ ಆನ್ ಏರ್' ಆ್ಯಪ್ ಮೂಲಕ ಆಕಾಶವಾಣಿಯ ನಿಲಯಗಳು ದೊರೆಯುವುದು ದೊಡ್ಡ ಉಪಕಾರವೇ. ಆದರೆ ಅಂತರಜಾಲದ ಧ್ವನಿ ಹಲವು ಸೆಕೆಂಡು ತಡವಾಗಿ ತಲುಪುತ್ತದೆ. ಪಕ್ಕದ ಮನೆಯ ಟಿವಿಯ ಕೂಗು ಮೊದಲು, ನಿಮ್ಮ ವಿಕೆಟ್ಟು ಆಮೇಲೆ. ಗಜೇಂದ್ರಗಡದ ಆ ಹಿರಿಯರು ಇದ್ದಿದ್ದರೆ ಮತ್ತದೇ ಮಾತು ಹೇಳುತ್ತಿದ್ದರು. ಗಾಳಿಯಲ್ಲಿ ಬರುವ ರೇಡಿಯೊ ತರಂಗಕ್ಕೆ ಆ ಹಿನ್ನಡೆಯಿಲ್ಲ. ಅದಕ್ಕೆ ಡೇಟಾದ ಹಣವೂ ಬೇಕಿಲ್ಲ.

ಮೂರನೆಯದು ಹಣದ ಮಾತು. ಟಿವಿ ಪ್ರಸಾರಕ್ಕೆ ಕ್ಯಾಮೆರಾಗಳ ಸೈನ್ಯವೇ ಬೇಕು. ರೇಡಿಯೊಗೆ ಬೇಕಾದುದು ಆಟ ತಿಳಿದ ಇಬ್ಬರು, ಒಂದು ಮೈಕು, ನಿಲಯಕ್ಕೊಂದು ತಂತಿ. 1921ರ ಆಗಸ್ಟ್ 5ರಂದು ಅಮೆರಿಕದ ಪಿಟ್ಸ್‌ಬರ್ಗ್ ನಗರದ ಕೆಡಿಕೆಎ ನಿಲಯ ಅಲ್ಲಿನ ಬೇಸ್‌ಬಾಲ್ ಪಂದ್ಯವನ್ನು ಮೊದಲ ಬಾರಿಗೆ ಬಿತ್ತರಿಸಿದ್ದು ಅಂಥ ಅಲ್ಪ ಸಲಕರಣೆಯಿಂದಲೇ. ಟಿವಿ ಬಂದ ಮೇಲೂ ಅವರು ಅದನ್ನು ಬಿಡಲಿಲ್ಲ, ಊರಿನ ತಂಡದ ಆಟವನ್ನು ಊರಿನ ರೇಡಿಯೊ ಹೇಳುವುದು ಅಲ್ಲಿ ಇಂದಿಗೂ ನಡೆದಿದೆ. ಇಂಗ್ಲೆಂಡಿನ ಬಿಬಿಸಿ 1957ರಲ್ಲಿ ಆರಂಭಿಸಿದ ಚೆಂಡು ಚೆಂಡಿನ ಟೆಸ್ಟ್ ವಿವರಣೆಯೂ ನಿಂತಿಲ್ಲ. ಬಡತನದ ನೆಪ ಹೇಳುವವರು, ಸಿರಿವಂತ ದೇಶಗಳೇ ಈ ಅಗ್ಗದ ವಿದ್ಯೆಯನ್ನು ಜತನದಿಂದ ಕಾಪಾಡಿಕೊಂಡಿರುವುದನ್ನು ನೋಡಲಿ.

ಕಾನೂನೂ ನಮ್ಮ ಕಡೆಗಿದೆ. ಕ್ರಿಕೆಟ್ ಪ್ರಸಾರದ ಮೊಕದ್ದಮೆಯೊಂದರಲ್ಲೇ ಸುಪ್ರೀಂ ಕೋರ್ಟು 1995ರ ಫೆಬ್ರವರಿಯಲ್ಲಿ, ಪ್ರಸಾರ ತರಂಗಗಳು ಸಾರ್ವಜನಿಕ ಸ್ವತ್ತು ಎಂದು ಹೇಳಿತು. ರಾಷ್ಟ್ರೀಯ ಮಹತ್ವದ ಪಂದ್ಯಗಳ ಪ್ರಸಾರವನ್ನು ಪ್ರಸಾರ ಭಾರತಿಯೊಡನೆ ಹಂಚಿಕೊಳ್ಳಬೇಕೆಂದು 2007ರಲ್ಲಿ ಕಾಯ್ದೆಯಾಯಿತು. ಅದರಲ್ಲಿ ಟಿವಿಯ ಜಾಹೀರಾತು ಹಣಕ್ಕೆ ಒಂದು ಪಾಲು, ರೇಡಿಯೊದ ಹಣಕ್ಕೆ ಬೇರೊಂದು ಪಾಲು ಎಂದು ವಿಧಿಸಲಾಗಿದೆ. ಅಂದರೆ ಶಾಸನ ಮಾಡಿದವರಿಗೆ ರೇಡಿಯೊ ಕೇಳುಗನ ನೆನಪಿತ್ತು. ಮರೆತವರು ನಾವು. ನಮ್ಮ ಸ್ವತ್ತನ್ನು ನಾವು ಕೇಳದಿದ್ದರೆ ಯಾರು ತಂದುಕೊಡುತ್ತಾರೆ?

ನಮ್ಮ ಗದಗಿನ ಸುನೀಲ ಜೋಶಿಯವರನ್ನು ನೆನೆಯಿರಿ. ಹುಡುಗನಾಗಿದ್ದಾಗ ನಸುಕಿನಲ್ಲಿ ರೈಲು ಹಿಡಿದು ಹುಬ್ಬಳ್ಳಿಗೆ ಅಭ್ಯಾಸಕ್ಕೆ ಹೋಗಿ, ಮರಳಿ ಬಂದು ಶಾಲೆ ಸೇರುತ್ತಿದ್ದವರು. 1999ರ ಸೆಪ್ಟೆಂಬರ್ 26ರಂದು ನೈರೋಬಿಯಲ್ಲಿ ದಕ್ಷಿಣ ಆಫ್ರಿಕದ ವಿರುದ್ಧ 10 ಓವರುಗಳಲ್ಲಿ ಕೇವಲ 6 ಓಟ ಕೊಟ್ಟು 5 ವಿಕೆಟ್ ಪಡೆದರು. ಆ ಅರವತ್ತು ಚೆಂಡುಗಳಲ್ಲಿ ಒಂದೊಂದನ್ನೂ ಗದಗ ಸೀಮೆಯ ಕನ್ನಡದಲ್ಲಿ ಕೇಳುವ ಭಾಗ್ಯ ನನಗಿರಲಿಲ್ಲ. 2012ರ ಡಿಸೆಂಬರಿನಲ್ಲಿ ಬೆಂಗಳೂರಿನಲ್ಲಿ ನಡೆದ ಅಂಧರ ಮೊದಲ ಟಿ–20 ವಿಶ್ವಕಪ್ಪನ್ನು ನಮ್ಮ ಕರ್ನಾಟಕದ ಶೇಖರ್ ನಾಯಕ್ ನಾಯಕತ್ವದ ಭಾರತ ಗೆದ್ದಿತು. ಒಳಗೆ ಕಾಳು ತುಂಬಿ ಗಲಗಲ ಸದ್ದು ಮಾಡುವ ಚೆಂಡಿನಿಂದ ಆಡುವ ಆಟ ಅದು. ಕಿವಿಯಿಂದ ಆಡಬಹುದಾದರೆ ಕಿವಿಯಿಂದ ನೋಡಲಾಗದೇ?

ನನ್ನ ಬೇಡಿಕೆ ಚಿಕ್ಕದು. ಕರ್ನಾಟಕದ ರಣಜಿ ಪಂದ್ಯಗಳಲ್ಲಿ ರಾಜ್ಯದೊಳಗೆ ನಡೆಯುವವನ್ನಾದರೂ ರೇಡಿಯೊದಲ್ಲಿ, ಕನ್ನಡದಲ್ಲಿ, ಚೆಂಡು ಚೆಂಡಾಗಿ ಬಿತ್ತರಿಸಬೇಕು. ಹುಬ್ಬಳ್ಳಿಯ ಪಂದ್ಯವಾದರೆ ಧಾರವಾಡದಿಂದ, ಬೆಂಗಳೂರು ಮೈಸೂರುಗಳದ್ದಾದರೆ ಅಲ್ಲಿಂದ. ವಿವರಿಸುವವರನ್ನು ಹುಡುಕಲು ಕಷ್ಟವಾದರೆ ಯಾವುದಾದರೂ ಜಾತ್ರೆಯ ಕುಸ್ತಿ ಕಣಕ್ಕೆ ಬರಲಿ, ಮೈಕು ಹಿಡಿದವರನ್ನು ನಾನೇ ತೋರಿಸುತ್ತೇನೆ.

ನನ್ನ ವಿದ್ಯಾರ್ಥಿಗಳಲ್ಲಿ ಇಂದು ಅಧಿಕಾರಿಗಳಿದ್ದೀರಿ, ವಕೀಲರಿದ್ದೀರಿ, ಪತ್ರಿಕೆಯವರಿದ್ದೀರಿ. ಒಂದೊಂದು ಪತ್ರ ಬರೆಯಿರಿ. ನಾನು ನನ್ನದನ್ನು ನಿನ್ನೆಯೇ ಅಂಚೆಗೆ ಹಾಕಿದ್ದೇನೆ. ನನಗೂ ಈಗ ಎಡಗಣ್ಣು ಮಂಜಾಗಿದೆ, ಬಲಗಣ್ಣಿನ ಬಗ್ಗೆ ವೈದ್ಯರು ಹೆಚ್ಚು ಭರವಸೆ ಕೊಡುತ್ತಿಲ್ಲ. ಹೀಗಾಗಿ ಇದರಲ್ಲಿ ನನ್ನ ಸ್ವಾರ್ಥವೂ ಉಂಟು ಎಂದು ಒಪ್ಪಿಕೊಳ್ಳುತ್ತೇನೆ. ಹುಬ್ಬಳ್ಳಿಯ ನನ್ನ ಶಿಷ್ಯನಿಗೆ ಮೊನ್ನೆ ಈ ಸಂಗತಿ ತಿಳಿಸಿದೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, "ಚಿಂತಿ ಮಾಡಬ್ಯಾಡ್ರಿ ಸರ, ಹುಣಸಿ ಬೀಜ ತಗೊಂಡು ನಾನ ಬರ್ತೀನಿ" ಎಂದ.