ಕೂಸು ಬಿದ್ದದ್ದನ್ನು ಮುಚ್ಚಿಡಬೇಡಿ

ಚಂದ್ರಾ ಲೇಔಟ್‌ನಲ್ಲಿ ನಾವು ಬಾಡಿಗೆಗಿರುವ ಮನೆಯ ಪಕ್ಕದಲ್ಲಿ ಐದು ತಿಂಗಳ ಕೂಸೊಂದು ಮಂಚದಿಂದ ಬಿತ್ತು. ತಾಯಿ ಬಾಣಂತನ ಮುಗಿಸಿ ಊರಿಂದ ಬಂದು ಎರಡು ವಾರವೂ ಆಗಿರಲಿಲ್ಲ. ಕೂಸು ಅತ್ತು ಸುಮ್ಮನಾಯಿತು. ಅತ್ತೆ ಬೈತಾರೆ ಅಂತ ಆಕೆ ಯಾರಿಗೂ ಹೇಳಲಿಲ್ಲ. ಮಾರನೆಯ ದಿನ ಕಿವಿಯ ಮೇಲೆ ಮೆತ್ತಗಿನ ಊತ ಕಂಡಿತು. ಸ್ಕ್ಯಾನ್ ಮಾಡಿದಾಗ ಬುರುಡೆಯಲ್ಲಿ ಬಿರುಕು ಇತ್ತು. ಮಗು ಈಗ ಚೆನ್ನಾಗಿದೆ. ಆದರೆ ಭಯದಲ್ಲಿ ಕಳೆದುಹೋದ ಆ ಒಂದು ದಿನದ ಬಗ್ಗೆ ನಾವು ಮಾತಾಡಲೇಬೇಕು.

ಕೂಸಿನ ಬುರುಡೆ ಒಂದೇ ಮೂಳೆಯಲ್ಲ. ಹಲವು ತೆಳು ಮೂಳೆಗಳು ಇನ್ನೂ ಗಟ್ಟಿಯಾಗಿ ಕೂಡಿಕೊಳ್ಳದೆ ಇರುತ್ತವೆ. ಮುಂದಿನ ನೆತ್ತಿ ಮುಚ್ಚುವುದು ಸಾಮಾನ್ಯವಾಗಿ ಒಂದರಿಂದ ಒಂದೂವರೆ ವರ್ಷದ ಹೊತ್ತಿಗೆ. ಮೈಗೆ ಹೋಲಿಸಿದರೆ ತಲೆ ದೊಡ್ಡದು, ಭಾರ; ಹಾಗಾಗಿ ಬಿದ್ದರೆ ಹೆಚ್ಚಾಗಿ ತಲೆಗೇ ಪೆಟ್ಟು. ಇಂಥ ಬಿರುಕುಗಳಲ್ಲಿ ಹೆಚ್ಚಿನವು ಗೆರೆಯಂಥವು, ಆಪರೇಷನ್ ಇಲ್ಲದೆ ಕೂಡಿಕೊಳ್ಳುತ್ತವೆ. ಅಪಾಯ ಇರುವುದು ಒಳಗೆ ರಕ್ತಸ್ರಾವವಾದರೆ. ಅದು ಹೊರಗಿನಿಂದ ಕಾಣುವುದಿಲ್ಲ.

ಮತ್ತೆ ಮತ್ತೆ ವಾಂತಿ, ಎಬ್ಬಿಸಿದರೂ ಏಳದ ಮಂಪರು, ಹಾಲು ಬೇಡ ಎನ್ನುವುದು, ಫಿಟ್ಸ್, ಉಬ್ಬಿದ ನೆತ್ತಿ, ಕಿವಿ-ಮೂಗಿನಿಂದ ರಕ್ತ ಅಥವಾ ನೀರು, ತಲೆಯ ಮೇಲೆ ಮೆತ್ತಗಿನ ಊತ. ಇವುಗಳಲ್ಲಿ ಒಂದು ಕಂಡರೂ ತಡಮಾಡದೆ 108ಕ್ಕೆ ಕರೆ ಮಾಡಿ. ಊತವನ್ನು ಎಣ್ಣೆ ಹಚ್ಚಿ ಒತ್ತಬೇಡಿ, ಉಜ್ಜಬೇಡಿ. ಮೂರು ತಿಂಗಳೊಳಗಿನ ಕೂಸಾದರೆ, ಏನೂ ಕಾಣದಿದ್ದರೂ ಡಾಕ್ಟರಿಗೆ ತೋರಿಸಿ. ಎಲ್ಲ ಮಕ್ಕಳಿಗೂ ಸ್ಕ್ಯಾನ್ ಬೇಕಾಗುವುದಿಲ್ಲ. ಕೆಲವರನ್ನು ಕೆಲವು ಗಂಟೆ ನಿಗಾದಲ್ಲಿಟ್ಟು ಕಳಿಸುತ್ತಾರೆ. ಬೆಂಗಳೂರಿನಲ್ಲಿ ತಲೆಪೆಟ್ಟಿಗೆ ನಿಮ್ಹಾನ್ಸ್‌ನಲ್ಲಿ ಹಗಲೂ ರಾತ್ರಿ ತುರ್ತು ಚಿಕಿತ್ಸೆ ಇದೆ. ಊರಲ್ಲಿದ್ದರೆ ಮೊದಲು ಹತ್ತಿರದ ತಾಲ್ಲೂಕು ಅಥವಾ ಜಿಲ್ಲಾ ಆಸ್ಪತ್ರೆಗೆ ಹೋಗಿ.

ಅಲ್ಲಿ ಡಾಕ್ಟರು ಕೇಳುತ್ತಾರೆ: ಹೇಗೆ ಬಿತ್ತು, ಎಷ್ಟು ಎತ್ತರದಿಂದ, ಯಾರಿದ್ದರು? ‘ನಮ್ಮನ್ನೇ ಅನುಮಾನಿಸ್ತಾರಲ್ಲ’ ಎಂದು ಸಿಟ್ಟಾಗಬೇಡಿ. ಮಗುಚಿಕೊಳ್ಳಲೂ ಬಾರದ ಕೂಸಿಗೆ ಬುರುಡೆ ಬಿರುಕು ಬಿಟ್ಟಿದ್ದರೆ, ಯಾರಾದರೂ ಹೊಡೆದರೇ, ಜೋರಾಗಿ ಕುಲುಕಿದರೇ ಎಂದು ಕೇಳುವುದು ಅವರ ಕರ್ತವ್ಯ. ಮಾತು ಹೇಳಲಾರದ ಮಗುವಿನ ಪರವಾಗಿ ಕೇಳುವವರು ಬೇರೆ ಯಾರಿದ್ದಾರೆ? ಎಂಎಲ್‌ಸಿ ಎಂದು ಬರೆದುಕೊಂಡರೂ ಅದು ನಿಮ್ಮ ಮೇಲೆ ಕೇಸು ಹಾಕಿದಂತಲ್ಲ. ಮಂಚದಿಂದ ಬಿದ್ದಿದ್ದರೆ ಮಂಚ ಅನ್ನಿ, ಬೈಕಿನಿಂದ ಬಿದ್ದಿದ್ದರೆ ಬೈಕ್ ಅನ್ನಿ. ಚಿಕಿತ್ಸೆ ನಿಂತಿರುವುದೇ ಆ ಮಾತಿನ ಮೇಲೆ.

ಮನೆಯ ಹಿರಿಯರಿಗೂ ಒಂದು ಮಾತು. ಮಗು ಬಿತ್ತು ಎಂದು ಸೊಸೆ ಹೇಳಿದಾಗ ‘ನಿನ್ನ ಕಣ್ಣೆಲ್ಲಿತ್ತು’ ಎನ್ನಬೇಡಿ. ‘ನಡಿ, ಆಸ್ಪತ್ರೆಗೆ ಹೋಗೋಣ’ ಅನ್ನಿ. ಬೈಗುಳಕ್ಕೆ ಹೆದರುವ ತಾಯಿ ಬಾಯಿ ಬಿಡುವುದಿಲ್ಲ. ಪಕ್ಕದ ಮನೆಯಲ್ಲಿ ಒಂದು ದಿನ ಹಾಳಾದದ್ದು ಹೀಗೆಯೇ.