ಬಾಲ ನೋಡಿ ಗುಣ ಹೇಳಿದ ಪ್ರೊಫೆಸರ್

1777ರ ಜನವರಿ. ಜರ್ಮನಿಯ ಗಾಟಿಂಗೆನ್ ಪಟ್ಟಣದಲ್ಲಿ ಒಂದು ಭಿತ್ತಿಪತ್ರ ಕಾಣಿಸಿಕೊಂಡಿತು. ಫಿಲಡೆಲ್ಫಿಯಾ ಎಂಬ ಹೆಸರಾಂತ ಜಾದೂಗಾರ ಏನೇನು ಮಾಡಿ ತೋರಿಸುವನೆಂಬ ಪಟ್ಟಿ ಅದರಲ್ಲಿತ್ತು. ಒಂದು ಚರ್ಚಿನ ಗೋಪುರದ ಮೇಲೆ ಗಾಳಿಯ ದಿಕ್ಕು ತೋರಿಸುವ ಕೋಳಿಯನ್ನು ಇನ್ನೊಂದು ಚರ್ಚಿನ ಮೇಲೆ ಕೂರಿಸುತ್ತಾನಂತೆ! ಪ್ರೇಕ್ಷಕರ ಗಡಿಯಾರ, ಉಂಗುರ, ನಗದನ್ನೆಲ್ಲ ರಸೀದಿ ಕೊಟ್ಟು ಪೆಟ್ಟಿಗೆಗೆ ತುಂಬಿ, ಕಾಸೆಲ್ ಊರಿಗೆ ಹೊರಟುಬಿಡುತ್ತಾನಂತೆ. ಎಂಟು ದಿನ ಬಿಟ್ಟು ರಸೀದಿ ಹರಿದರೆ ಸಾಕು, ಎಲ್ಲವೂ ವಾಪಸು. ಊರೆಲ್ಲ ನಕ್ಕಿತು, ಜಾದೂಗಾರ ಗಂಟುಮೂಟೆ ಕಟ್ಟಿದ.

ಭಿತ್ತಿಪತ್ರ ಬರೆದವನು ಅಲ್ಲಿನ ವಿಶ್ವವಿದ್ಯಾನಿಲಯದ ಭೌತವಿಜ್ಞಾನದ ಪ್ರಾಧ್ಯಾಪಕ ಜಾರ್ಜ್ ಕ್ರಿಸ್ಟಾಫ್ ಲಿಕ್ಟನ್‌ಬರ್ಗ್ (1742–1799). ಪಾದ್ರಿಯೊಬ್ಬನ 17 ಮಕ್ಕಳಲ್ಲಿ ಕೊನೆಯವನು. ಬೆನ್ನುಮೂಳೆ ಬಾಗಿ ಗೂನು ಬಂದಿತ್ತು. ಅದೇ 1777ರಲ್ಲಿ, ವಿದ್ಯುದಾವೇಶಗೊಂಡ ರಾಳದ ತಟ್ಟೆಯ ಮೇಲೆ ಕೂತ ಧೂಳು ನಕ್ಷತ್ರಗಳಂಥ ಚಿತ್ತಾರ ಬಿಡಿಸಿದ್ದನ್ನು ಆತ ಕಂಡ. ಆವೇಶವಿರುವ ಕಡೆಗೆ ಪುಡಿ ಅಂಟುತ್ತದೆ ಎಂಬ ಈ ತತ್ವದ ಮೇಲೆಯೇ 1938ರಲ್ಲಿ ಚೆಸ್ಟರ್ ಕಾರ್ಲ್‌ಸನ್ ಮೊದಲ ಜೆರಾಕ್ಸ್ ಪ್ರತಿ ತೆಗೆದದ್ದು.

ಹೊಟ್ಟೆಪಾಡಿಗೆ ಆಟ ತೋರಿಸುವವನ ಮೇಲೆ ಅಷ್ಟು ನಿಷ್ಠುರ ಬೇಕಿತ್ತೇ ಎಂದು ಯಾರಾದರೂ ಕೇಳಬಹುದು. ಲಾವಾಟರ್‌ನ ವಿಷಯದಲ್ಲಿ ಮಾತ್ರ ಆ ಪ್ರಶ್ನೆ ಏಳುವುದಿಲ್ಲ. ಜ್ಯೂರಿಕ್‌ನ ಈ ಪಾದ್ರಿ 1775ರಿಂದ 1778ರವರೆಗೆ ಮುಖಲಕ್ಷಣ ಕುರಿತು ನಾಲ್ಕು ದಪ್ಪ ಸಂಪುಟಗಳನ್ನು ಹೊರತಂದ. ಸದ್ಗುಣಿಯ ಮುಖ ಸುಂದರ, ದುರ್ಗುಣಿಯದು ವಿಕಾರ ಎಂಬುದು ಅವನ ವಾದದ ತಿರುಳು. ಯೂರೋಪೇ ತಲೆದೂಗಿತು. ಗೂನುಬೆನ್ನಿನ ಪ್ರಾಧ್ಯಾಪಕ ತಲೆದೂಗಲಿಲ್ಲ. ಮೂಗು, ಹಣೆ ನೋಡಿ ಗುಣ ಅಳೆಯುವುದಾದರೆ, ಮಕ್ಕಳು ಇನ್ನೂ ಮಾಡದ ತಪ್ಪಿಗೆ ಅವರನ್ನು ಮೊದಲೇ ಗಲ್ಲಿಗೇರಿಸಬೇಕಾದೀತು ಎಂಬುದು ಅವನ ಆಕ್ಷೇಪ.

ವಾದ ಮಾಡಿದ್ದು ಸಾಲದೆಂದು 1783ರಲ್ಲಿ ‘ಬಾಲಗಳ ಕುರಿತು’ ಒಂದು ಅಣಕು ಪ್ರಬಂಧ ಪ್ರಕಟವಾಯಿತು. ಹಂದಿಯ ಬಾಲ, ನಾಯಿಯ ಬಾಲ, ಆಗಿನ ವಿದ್ಯಾರ್ಥಿಗಳು ಹಿಂದಕ್ಕೆ ಕಟ್ಟುತ್ತಿದ್ದ ಜುಟ್ಟು, ಇವುಗಳ ಚಿತ್ರ ಬರೆದು ಲಾವಾಟರ್‌ನ ಗದ್ಗದ ಶೈಲಿಯಲ್ಲೇ ಗುಣ ವರ್ಣಿಸಲಾಗಿತ್ತು. ಕೊನೆಯಲ್ಲಿ ಪಠ್ಯಪುಸ್ತಕದಂತೆ ಅಭ್ಯಾಸದ ಪ್ರಶ್ನೆಗಳು ಬೇರೆ: ಈ ಜುಟ್ಟುಗಳಲ್ಲಿ ಯಾವುದು ವಕೀಲನಾದೀತು? ಯಾವುದು ವೈದ್ಯ?

ಆತನ ಹೆಸರನ್ನು ಇಂದಿಗೂ ಉಳಿಸಿರುವುದು ಇವುಗಳಿಗಿಂತ ಹೆಚ್ಚಾಗಿ ಆತ ಅಚ್ಚಿಗೆ ಕೊಡದ ಟಿಪ್ಪಣಿಗಳು. ವ್ಯಾಪಾರಿಗಳು ಖಾತೆಗೆ ಏರಿಸುವ ಮೊದಲು ದಿನದ ವ್ಯವಹಾರವನ್ನು ಕಚ್ಚಾ ಪುಸ್ತಕದಲ್ಲಿ ಗೀಚಿಡುವಂತೆ, ಹೊಳೆದದ್ದನ್ನೆಲ್ಲ ಸುಮಾರು 35 ವರ್ಷ ಬರೆದಿಟ್ಟ. ಚುಟುಕು, ಕುಹಕ, ಪ್ರಯೋಗದ ಯೋಚನೆ, ತನ್ನದೇ ಕಾಯಿಲೆಯ ಮೇಲಿನ ತಮಾಷೆ, ಎಲ್ಲವೂ ಒಂದೇ ಪುಟದಲ್ಲಿ. ಮಕ್ಕಳ ರಫ್ ನೋಟ್ಸ್ ಕಂಡರೆ ಸಿಡುಕುವ ಪೋಷಕರು ಇದನ್ನೊಮ್ಮೆ ನೋಡಬೇಕು! 1905ರಲ್ಲಿ ನಗೆಮಾತಿನ ಮನೋವಿಜ್ಞಾನ ಕುರಿತು ಬರೆದ ಸಿಗ್ಮಂಡ್ ಫ್ರಾಯ್ಡ್ ಉದಾಹರಣೆಗಳಿಗಾಗಿ ಮತ್ತೆ ಮತ್ತೆ ಲಿಕ್ಟನ್‌ಬರ್ಗ್‌ನ ಮೊರೆಹೊಕ್ಕ. 20ನೇ ಶತಮಾನದ ಆರಂಭದಲ್ಲಿ ಲೈಟ್ಸ್‌ಮನ್ ಎಂಬ ವಿದ್ವಾಂಸ ಈ ಟಿಪ್ಪಣಿಗಳನ್ನು ಪರಿಷ್ಕರಿಸಿ ಪ್ರಕಟಿಸಿದ. ಪುಸ್ತಕಗಳಿಗೆ ಅಕ್ಷರಗಳ ಗುರುತಿದೆ. ಅವುಗಳಲ್ಲಿ ‘ಜಿ’ ಮತ್ತು ‘ಎಚ್’ ಕಳೆದುಹೋಗಿವೆ. ‘ಕೆ’ಯಲ್ಲಿ ಉಳಿದಿರುವುದು ಸ್ವಲ್ಪವೇ.