ಖದೀಜಾ(ರ)ರನ್ನು ಹೊಗಳುವವರು ಗಾಣದ ಕೀಲಿಕೈ ಕೊಡುವರೇ?

ನಮ್ಮ ಮಿಂಬರ್‌ಗಳಿಂದ ಹಝ್ರತ್ ಖದೀಜಾ(ರ)ರ ಗುಣಗಾನ ಆಗಾಗ ಕೇಳಿಬರುತ್ತದೆ. ಅವರ ತ್ಯಾಗ, ಔದಾರ್ಯ, ಪತಿನಿಷ್ಠೆಗಳ ಬಣ್ಣನೆಗೆ ಕೊರತೆಯಿಲ್ಲ. ಆದರೆ ಅವರು ಮಕ್ಕಾದ ಪ್ರತಿಷ್ಠಿತ ವ್ಯಾಪಾರಿಯಾಗಿದ್ದರು, ಲಾಭದ ಪಾಲಿನ ಕರಾರಿನ ಮೇಲೆ ಸಿರಿಯಾಕ್ಕೆ ಸರಕು ಕಳುಹಿಸುತ್ತಿದ್ದರು, ವಿವಾಹಕ್ಕೆ ಮುನ್ನ ಪ್ರವಾದಿ ಮುಹಮ್ಮದ್(ಸ)ರೇ ಅವರ ಸರಕನ್ನು ಒಯ್ದು ವ್ಯಾಪಾರ ಮಾಡಿದ್ದರು ಎಂಬ ಭಾಗ ಬಂದಾಗ ಭಾಷಣಕಾರರ ಧ್ವನಿ ತಗ್ಗುತ್ತದೆ. ಏಕೆ? ಅದನ್ನು ಗಟ್ಟಿಯಾಗಿ ಹೇಳಿದರೆ, ಕೇಳುತ್ತ ಕುಳಿತವರು ತಮ್ಮ ಮನೆಯ ಹೆಣ್ಣುಮಕ್ಕಳಿಗೆ ಉತ್ತರ ಹೇಳಬೇಕಾಗುತ್ತದೆ.

ವಿಜಯಪುರ ಜಿಲ್ಲೆಯ ಎಣ್ಣೆ ಉದ್ಯಮವನ್ನೇ ನೋಡೋಣ. ತಿಕೋಟಾ ಇಂದು ದ್ರಾಕ್ಷಿಗೆ ಹೆಸರಾಗಿರಬಹುದು; ಆದರೆ ತಿಕೋಟಾ, ಬಬಲೇಶ್ವರ ಭಾಗದ ಎರೆ ಭೂಮಿ ಕುಸುಬೆಯನ್ನು ಮರೆತಿಲ್ಲ. ಹಿಂಗಾರಿನಲ್ಲಿ ಬಿತ್ತಿ, ಮಣ್ಣಿನ ತೇವದಲ್ಲೇ ಬೆಳೆಯುವ ಈ ಮುಳ್ಳಿನ ಬೆಳೆಯ ಕೊಯ್ಲಿನಲ್ಲಿ, ಕಾಳು ಹಸನು ಮಾಡುವುದರಲ್ಲಿ ಹೆಂಗಸರ ಶ್ರಮವಿದೆ. ಅದೇ ಕಾಳು ಗಾಣ ಸೇರಿ ಎಣ್ಣೆಯೂ ಹಿಂಡಿಯೂ ಆಗಿ ಹೊರಬರುವಾಗ ಲೆಕ್ಕದ ಪುಸ್ತಕ ಮಾತ್ರ ಗಂಡಸಿನ ಕೈಯಲ್ಲಿರುತ್ತದೆ. ಹೆಣ್ಣಿನ ದುಡಿಮೆ ನಮಗೆ ಸಮ್ಮತ. ಅವಳ ಒಡೆತನ ಸಮ್ಮತವಲ್ಲ.

2006ರ ಸಾಚಾರ್ ಸಮಿತಿಯ ವರದಿಯೂ ಇದನ್ನೇ ತೋರಿಸಿತು. ದುಡಿಯುವ ಮುಸ್ಲಿಮ್ ಮಹಿಳೆಯರಲ್ಲಿ ಶೇ. 70ರಷ್ಟು ಮಂದಿ ಮನೆಯೊಳಗೇ ದುಡಿಯುತ್ತಿದ್ದರು. ಎಲ್ಲ ಸಮುದಾಯಗಳ ಒಟ್ಟು ಪ್ರಮಾಣ ಶೇ. 51. ನಮ್ಮ ಹೆಣ್ಣುಮಕ್ಕಳು ಸುಮ್ಮನೆ ಕುಳಿತಿಲ್ಲ. ಅಗ್ಗದ ಕೂಲಿಗೆ, ಕಣ್ಣಿಗೆ ಬೀಳದಂತೆ ದುಡಿಯುತ್ತಿದ್ದಾರೆ.

ವಿಜಯಪುರ ನಗರದಲ್ಲಿ ಮಾದರಿಗಳಿಲ್ಲವೇ? 1986ರಲ್ಲಿ ಮಲ್ಲಮ್ಮ ಯಾಳವಾರ ಅವರು ಇಲ್ಲಿ ಕಟ್ಟಿದ ‘ಸಬಲಾ’ ಸಂಸ್ಥೆ ಲಂಬಾಣಿ ಮಹಿಳೆಯರ ಸೂಜಿ ಕೆಲಸವನ್ನು ದೂರದ ಮಾರುಕಟ್ಟೆಗಳಿಗೆ ತಲುಪಿಸಿತು. ತಾಂಡಾದ ಹೆಣ್ಣುಮಕ್ಕಳಿಗೆ ಸಾಧ್ಯವಾದುದು ನಮ್ಮ ಮೊಹಲ್ಲಾಗಳಲ್ಲಿ ಅಸಾಧ್ಯವಾಗುವುದು ಹೇಗೆ?

ಹೆಣ್ಣುಮಗಳೊಬ್ಬಳು ಗಾಣ ಹಾಕಲು ಹೊರಟರೆ ಮೊದಲು ಪರ್ದಾದ ಮಾತು ಬರುತ್ತದೆ. ಪರ್ದಾ ಉಡುಪಿನ, ನಡತೆಯ ಶಿಸ್ತು, ದುಡಿಮೆಗೆ ಬೀಗವಲ್ಲ. ಪುರುಷರಿಗೆ ಅವರ ಗಳಿಕೆಯ ಪಾಲಿರುವಂತೆ ಸ್ತ್ರೀಯರಿಗೂ ಅವರ ಗಳಿಕೆಯ ಪಾಲಿದೆಯೆಂದು ಪವಿತ್ರ ಕುರ್‌ಆನ್ (4:32) ಸಾರುತ್ತದೆ. ವರದಕ್ಷಿಣೆಗಾಗಿ ಹೊಲ ಮಾರುವಾಗ ನೆನಪಾಗದ ಶರೀಅತ್, ಅದೇ ಹಣದಲ್ಲಿ ಮಗಳು ಯಂತ್ರ ಕೊಳ್ಳುತ್ತೇನೆಂದಾಗ ಮಾತ್ರ ನೆನಪಾಗುವುದು ಎಂಥ ಧಾರ್ಮಿಕತೆ?

ಎರಡನೆಯ ಅಡ್ಡಿ ಬಡ್ಡಿಯದು. ಇದು ನಿಜವಾದ ಅಡ್ಡಿ. ಗಾಣಕ್ಕೆ ಯಂತ್ರವಷ್ಟೇ ಸಾಲದು. ಸುಗ್ಗಿಯಲ್ಲಿ ಬೆಲೆ ಇಳಿದಾಗ ಕಾಳು ಕೊಂಡು ದಾಸ್ತಾನು ಮಾಡಲು ಕೈಯಲ್ಲಿ ಹಣ ಬೇಕು. 2020ರಲ್ಲಿ ಆರಂಭವಾದ ಕಿರು ಆಹಾರ ಸಂಸ್ಕರಣಾ ಉದ್ಯಮಗಳ ಯೋಜನೆಯಲ್ಲಿ ಕೇಂದ್ರ ಶೇ. 35ರಷ್ಟು ಸಹಾಯಧನ ಘೋಷಿಸಿತು. ಕರ್ನಾಟಕ ಅದಕ್ಕೆ ಶೇ. 15 ಸೇರಿಸಿತು. ಆದರೆ ಆ ನೆರವು ಬ್ಯಾಂಕ್ ಸಾಲಕ್ಕೆ ಜೋಡಿಸಲ್ಪಟ್ಟಿತ್ತು. ಬಡ್ಡಿಗೆ ಅಂಜುವವಳಿಗೆ ಅದರಲ್ಲಿ ಬಾಗಿಲಿರಲಿಲ್ಲ. ಎಲ್ಲರನ್ನೂ ಒಳಗೊಳ್ಳುವ ಮಾತಾಡುವ ಸರಕಾರಗಳು ಇದಕ್ಕೆ ಉತ್ತರಿಸಬೇಕು.

ಸರಕಾರವನ್ನು ದೂರಿ ನಾವು ಪಾರಾಗುವಂತಿಲ್ಲ. ಬಡ್ಡಿ ಹರಾಮ್ ಎಂದು ಫತ್ವಾ ಕೊಟ್ಟವರು ಹಲಾಲ್ ಬಂಡವಾಳದ ದಾರಿ ತೋರಿಸಿದರೇ? ದಾರಿ ಖದೀಜಾ(ರ)ರ ವ್ಯಾಪಾರದಲ್ಲೇ ಇದೆ. ಒಬ್ಬರ ಬಂಡವಾಳ, ಇನ್ನೊಬ್ಬರ ದುಡಿಮೆ, ಲಾಭದಲ್ಲಿ ಮೊದಲೇ ಗೊತ್ತುಮಾಡಿದ ಪಾಲು: ಇದೇ ಮುದಾರಬಾ. ನಗರದ ನಮ್ಮ ಸಿರಿವಂತ ವರ್ತಕರು ನಿವೇಶನಗಳಲ್ಲಿ ಹೂಡುವ ಹಣದ ಒಂದಂಶವನ್ನು ಹೀಗೆ ತೊಡಗಿಸಬಾರದೇ? ಝಕಾತ್‌ನ ಮಾತೂ ಹಾಗೆಯೇ. ಕಸುಬುದಾರ ಬಡವನಿಗೆ ಕಸುಬಿನ ಸಲಕರಣೆ ಕೊಳ್ಳುವಷ್ಟು ಕೊಡಬೇಕೆಂದು ಇಮಾಮ್ ನವವಿ(ರಹ್) ಬರೆದಿದ್ದಾರೆ. ನಾವು ರಮಝಾನ್‌ನಲ್ಲಿ ಸೀರೆ ಹಂಚಿ, ಮರುವರ್ಷ ಅದೇ ವಿಧವೆಯನ್ನು ಅದೇ ಸಾಲಿನಲ್ಲಿ ನಿಲ್ಲಿಸುತ್ತೇವೆ.

ಒಂದು ಎಚ್ಚರಿಕೆಯೂ ಬೇಕು. ಸಹಾಯಧನದ ಆಸೆಗೆ ಕಾಗದದಲ್ಲಿ ಪತ್ನಿಯ ಹೆಸರು ಬರೆಸಿ, ಚೆಕ್ಕಿಗೆ ಸಹಿ ಹಾಕಿಸಿ, ಹಣವನ್ನು ತಾನೇ ಇಟ್ಟುಕೊಳ್ಳುವುದು ಉದ್ಯಮವೂ ಅಲ್ಲ, ಅಮಾನತ್ತೂ ಅಲ್ಲ, ಅದು ವಂಚನೆ. ಗಾಣ ನಡೆಸುವ ಸಹೋದರಿಯರಿಗೂ ಹೊಣೆಯಿದೆ. ಅಳತೆ–ತೂಕದಲ್ಲಿ ವಂಚಿಸುವವರಿಗೆ ಅಲ್‌ಮುತಫ್ಫಿಫೀನ್ ಅಧ್ಯಾಯ ನಾಶದ ಎಚ್ಚರಿಕೆ ನೀಡಿದೆ. ದೇಶಕ್ಕೆ ಬೇಕಾದ ಖಾದ್ಯ ತೈಲದ ಅರ್ಧಕ್ಕಿಂತ ಹೆಚ್ಚು ಆಮದಾಗುತ್ತಿರುವಾಗ ಅಗ್ಗದ ತಾಳೆಎಣ್ಣೆಯೊಂದಿಗೆ ಸಣ್ಣ ಗಾಣ ಬೆಲೆಯಲ್ಲಿ ಸ್ಪರ್ಧಿಸಲಾರದು. ಬೆರಕೆಯಿಲ್ಲದ ಎಣ್ಣೆಯೆಂಬ ನಂಬಿಕೆಯೇ ಅದರ ಬಂಡವಾಳ.

ವಿಜಯಪುರ, ತಿಕೋಟಾ, ಬಬಲೇಶ್ವರಗಳ ಜಮಾಅತ್‌ಗಳು ವರ್ಷಕ್ಕೆ ಒಬ್ಬ ಹೆಣ್ಣುಮಗಳನ್ನಾದರೂ ಪಡೆಯುವವರ ಸಾಲಿನಿಂದ ಝಕಾತ್ ಕೊಡುವವರ ಸಾಲಿಗೆ ತರಲಿ. ಗಾಣದ ಕೀಲಿಕೈಯೂ ಲೆಕ್ಕದ ಪುಸ್ತಕವೂ ಅವಳ ಬಳಿಯೇ ಇರಲಿ. ಅಲ್ಲಿಯವರೆಗೆ ಖದೀಜಾ(ರ)ರ ಕುರಿತು ನಾವು ಮಾಡುವ ಭಾಷಣಗಳಿಗೆ ನಮ್ಮ ಮನೆಗಳೇ ಸಾಕ್ಷಿ ನುಡಿಯುವುದಿಲ್ಲ.